ಆಯ್ದುಕೊಂಡ ನಿಷ್ಠೆ: ಇಂಡೋನೇಷ್ಯಾದ ಯುವಜನರ ಹಿಜ್ರಾ

ಧರ್ಮನಿಷ್ಠೆಯು ಮನೆತನದಿಂದ ಬರುವ ಬಳುವಳಿಯೋ, ಇಲ್ಲವೆ ಪ್ರತಿಯೊಬ್ಬರೂ ತಾವೇ ಅರಿತು ಸ್ವೀಕರಿಸಬೇಕಾದ ವ್ರತವೋ ಎಂಬ ಹಳೆಯ ಪ್ರಶ್ನೆಯನ್ನು ಇಂಡೋನೇಷ್ಯಾದ ನಗರಗಳ ಯುವಜನರು ಹೊಸದಾಗಿ ಎತ್ತಿದ್ದಾರೆ. ಪ್ರವಾದಿ ಮುಹಮ್ಮದರು ಕ್ರಿ.ಶ. 622ರಲ್ಲಿ ಮೆಕ್ಕಾದಿಂದ ಮದೀನಾಕ್ಕೆ ಕೈಗೊಂಡ ವಲಸೆಗೆ ಹಿಜ್ರಾ ಎಂದು ಹೆಸರು. ಇಂಡೋನೇಷ್ಯಾದ ತರುಣ ತರುಣಿಯರು ಆ ಹೆಸರನ್ನು, ಆಚರಣೆಯಲ್ಲಿ ಉದಾಸೀನವಾಗಿದ್ದ ಬದುಕನ್ನು ತೊರೆದು ಕಟ್ಟುನಿಟ್ಟಿನ ನಿಷ್ಠೆಗೆ ತಿರುಗುವುದಕ್ಕೆ ಬಳಸುತ್ತಾರೆ. 2015ರ ಸುಮಾರಿಗೆ ಬಾಂಡುಂಗ್ ನಗರದಲ್ಲಿ ಧರ್ಮಬೋಧಕ ಹನನ್ ಅತ್ತಾಕಿಯವರು ಸಂಗಡಿಗರೊಡನೆ ಕಟ್ಟಿದ ‘ಶಿಫ್ಟ್’ ಬಳಗವು ಸ್ಕೇಟ್‌ಬೋರ್ಡ್ ಆಡುವವರನ್ನೂ ಬೈಕ್ ಕೂಟಗಳ ಹುಡುಗರನ್ನೂ ಮಸೀದಿಯ ಪ್ರವಚನಗಳತ್ತ ಸೆಳೆಯಿತು.

ಇದನ್ನು ಸಂಪ್ರದಾಯದ ಮರುಕಳಿಕೆಯೆಂದು ತಿಳಿಯುವುದು ಸರಿಯಲ್ಲ, ಏಕೆಂದರೆ ಇಲ್ಲಿ ಹಿರಿಯರ ಸಂಪ್ರದಾಯವೇ ಪರೀಕ್ಷೆಗೆ ಒಳಗಾಗುತ್ತದೆ. ಜಾವಾದಲ್ಲಿ ನೆರೆಹೊರೆಯವರು ಕೂಡಿ ಪ್ರಾರ್ಥಿಸಿ ಉಣ್ಣುವ ಸ್ಲಾಮೆತಾನ್, ಸಂತರ ಗೋರಿಗಳ ದರ್ಶನ, ಪೆಸಾಂತ್ರೆನ್ ಎಂಬ ವಸತಿ ಗುರುಕುಲಗಳಲ್ಲಿ ಕಿಯಾಯಿ ಎನಿಸಿದ ಗುರುವಿನ ಬಳಿ ವರ್ಷಗಟ್ಟಲೆ ನಡೆಯುವ ಕಲಿಕೆ, ಹೀಗೆ ಪರೀಕ್ಷೆಗೊಳಗಾದ ಇವು 1926ರಲ್ಲಿ ಸ್ಥಾಪಿತವಾದ ನಹ್ದ್ಲತುಲ್ ಉಲಮಾ ಸಂಸ್ಥೆಯ ಪರಂಪರೆಗೆ ಸೇರಿದವು. ಸ್ವಂತ ಆಯ್ಕೆಯು ನಿಷ್ಠೆಗೆ ಎಚ್ಚರವನ್ನು ಕೊಡಬಲ್ಲುದಾದರೂ, ಅದನ್ನು ಪಕ್ವಗೊಳಿಸಲು ಗುರುವೂ ಕಾಲವೂ ಬೇಕು. ಅತ್ತಾಕಿಯವರು 2023ರಲ್ಲಿ ಆ ಸಂಸ್ಥೆಯನ್ನು ಸೇರಿದ್ದು, ಆಯ್ಕೆಯೂ ಪರಂಪರೆಯೂ ಪರಸ್ಪರ ವಿರೋಧಿಗಳಾಗಿರಬೇಕಿಲ್ಲ ಎಂಬುದನ್ನು ತೋರಿಸುತ್ತದೆ.

ಆಯ್ಕೆಯ ನಿಜವಾದ ಬೆಲೆಯನ್ನು ಜಿಲ್ಬಾಬ್, ಅಂದರೆ ಸ್ತ್ರೀಯರ ಶಿರೋವಸ್ತ್ರದ ಇತಿಹಾಸವು ಮನಗಾಣಿಸುತ್ತದೆ. ಅಧ್ಯಕ್ಷ ಸುಹಾರ್ತೋ ಅವರ ಆಳ್ವಿಕೆಯು 1982ರಲ್ಲಿ ಸರ್ಕಾರಿ ಶಾಲೆಗಳ ಸಮವಸ್ತ್ರದಿಂದ ಅದನ್ನು ಹೊರಗಿಟ್ಟು 1991ರಲ್ಲಿ ಅನುಮತಿಸಿತು. ಆ ಅವಧಿಯಲ್ಲಿ ಅದನ್ನು ಧರಿಸುವುದು ಪ್ರಭುತ್ವದೆದುರು ಅಂತಃಸಾಕ್ಷಿಯ ದಿಟ್ಟ ನಿಲುವಾಗಿತ್ತು. 2021ರಲ್ಲಿಯಾದರೋ ಇಂಡೋನೇಷ್ಯಾದ ನಗರವಾದ ಪಾಡಾಂಗ್‌ನ ಸರ್ಕಾರಿ ಶಾಲೆಯೊಂದು ಕ್ರೈಸ್ತ ವಿದ್ಯಾರ್ಥಿನಿಗೂ ಅದನ್ನು ವಿಧಿಸಲು ಹೊರಟಿತು. ಒತ್ತಾಯವೂ ನಿಷೇಧವೂ ಸಲ್ಲದೆಂದು ಮೂವರು ಸಚಿವರು ಹೊರಡಿಸಿದ ಜಂಟಿ ಆದೇಶವನ್ನು ಸರ್ವೋಚ್ಚ ನ್ಯಾಯಾಲಯವು ಅದೇ ವರ್ಷ ರದ್ದುಗೊಳಿಸಿತು.

ಇಸ್ಲಾಮಿನ ಧರ್ಮಶಾಸ್ತ್ರದಲ್ಲಿ ಆರಾಧನೆಗೆ ಸಾರ್ಥಕತೆ ಬರುವುದು ನಿಯ್ಯತ್, ಅಂದರೆ ಮನಸ್ಸಿನ ಸಂಕಲ್ಪದಿಂದ. ಬಲವಂತವು ದೇಹವನ್ನು ಬಾಗಿಸಬಲ್ಲುದೇ ಹೊರತು ಸಂಕಲ್ಪವನ್ನು ಹುಟ್ಟಿಸಲಾರದು. ಆದುದರಿಂದ ನಿಷೇಧವು ನಿಷ್ಠಾವಂತರಿಗೆ ಎಷ್ಟು ಅನ್ಯಾಯವೋ, ಒತ್ತಾಯವು ನಿಷ್ಠೆಗೇ ಅಷ್ಟು ಅನ್ಯಾಯ. ತನ್ನ ರಾಜ್ಯಸಿದ್ಧಾಂತವಾದ ಪಂಚಶೀಲದ (ಪಂಚಸಿಲಾ) ಮೊದಲ ತತ್ತ್ವವಾಗಿ ಏಕದೇವನ ಶ್ರದ್ಧೆಯನ್ನು ಒಪ್ಪಿದ ಆ ರಾಷ್ಟ್ರದಲ್ಲಿ, ಹಿಜ್ರಾ ಕೈಗೊಂಡ ತರುಣಿಯು ತನ್ನ ಗೆಳತಿಯ ಬರಿದಲೆಯ ಹಕ್ಕನ್ನೂ ತನ್ನ ಶಿರೋವಸ್ತ್ರದ ಹಕ್ಕಿನಷ್ಟೇ ಕಾಯ್ದಾಗ ಮಾತ್ರ, ಅವಳ ಆಯ್ಕೆಯು ಧರ್ಮದ ಘನತೆಗೆ ಏರುತ್ತದೆ.