ಕೆಲವೇ ಮಲೆಗಳ ಕಪ್ಪೆ, ಅಹಿಂಸೆಯ ಲೆಕ್ಕ

ಶೇಷಾಚಾರ್ ಪೊದೆಗಪ್ಪೆ ಕುದುರೆಮುಖ, ಬಾಬಾಬುಡನ್‌ಗಿರಿ ಸುತ್ತಲಿನ ಮಲೆಗಳಲ್ಲಷ್ಟೇ ಬದುಕುವ ಮರಗಪ್ಪೆ. ಘಟ್ಟದಲ್ಲೇ ಅದರ ನೆಲೆ. ಬಯಲಿಗೆ ಅದು ಇಳಿಯದು. ಸಿ.ಆರ್. ನಾರಾಯಣರಾವ್ 1937ರಲ್ಲಿ ಇದನ್ನು ವಿವರಿಸಿದರು. 2010ರಲ್ಲಿ ಇದರ ಕುಲಕ್ಕೆ ಅವರ ಹೆಸರೇ ಸೇರಿತು. ಈ ಕುಲಕ್ಕೆ ಗೊದಮೊಟ್ಟೆಯ ಹಂತವಿಲ್ಲ. ಪಾರದರ್ಶಕ ಮೊಟ್ಟೆಯೊಳಗೇ ಕಾಲು ಮೂಡಿ, ಮರಿಕಪ್ಪೆಯೇ ಹೊರಬರುತ್ತದೆ. ಹಾಗಾಗಿ ಕೆರೆ ಬೇಡ, ಆದರೆ ಆರದ ತೇವ ಬೇಕೇ ಬೇಕು.

ಇಂಥ ಜೀವಿಯ ಮಲೆ ಬೋಳಾದರೆ ಅದು ಎಷ್ಟು ದೊಡ್ಡ ಹಿಂಸೆ? 1432ರಲ್ಲಿ ಗೊಮ್ಮಟನನ್ನು ನಿಲ್ಲಿಸಿದ ಕಾರ್ಕಳದ ಜೈನ ಪರಂಪರೆಗೆ ಕಪ್ಪೆ ಪಂಚೇಂದ್ರಿಯ ಜೀವಿ. ಸಮಂತಭದ್ರರ ‘ರತ್ನಕರಂಡಕ ಶ್ರಾವಕಾಚಾರ’ ಪೂಜೆಯ ಮಹಿಮೆಗೆ ನಿದರ್ಶನವಾಗಿ ಹೆಸರಿಸುವುದು ಹೂವೊಂದನ್ನು ಅರ್ಪಿಸಹೊರಟ ರಾಜಗೃಹದ ಕಪ್ಪೆಯನ್ನೇ. ಆದರೆ ಈ ದರ್ಶನದಲ್ಲಿ ಕರ್ಮ ಅಂಟುವುದು, ಬಿಡುಗಡೆ ಸಿಗುವುದು ಒಂದೊಂದು ಜೀವಕ್ಕೆ, ಪ್ರಭೇದಕ್ಕೆ ಆತ್ಮವಿಲ್ಲ. ಆ ಲೆಕ್ಕದಲ್ಲಿ ಗದ್ದೆಯ ಸಾಮಾನ್ಯ ಕಪ್ಪೆಗಿಂತ ಅಪರೂಪದ ಕಪ್ಪೆ ಹೆಚ್ಚಿನದಲ್ಲ. ಸಂರಕ್ಷಣಾ ವಿಜ್ಞಾನದ ತಕ್ಕಡಿ ಬೇರೆ, ಅಲ್ಲಿ ವಿರಳತೆಗೇ ತೂಕ.

ಎರಡೂ ಕೂಡುವ ಜಾಗ ಜೈನ ಗೃಹಸ್ಥರ ಅನರ್ಥದಂಡ ವ್ರತ. ಪ್ರಯೋಜನವಿಲ್ಲದೆ ನೆಲ ಅಗೆಯುವುದು, ನೀರು ಕಲಕುವುದು, ಗಿಡ ಕಡಿಯುವುದು ಅಲ್ಲಿ ದೋಷ. ಕಪ್ಪೆಯನ್ನು ಕೈಯಾರೆ ಕೊಲ್ಲದವನೂ ಅದರ ತೇವಕ್ಕೆ ಹೊಣೆಗಾರನಾಗುತ್ತಾನೆ. ಸಂಕಲ್ಪಹಿಂಸೆಗೆ ಮಾತ್ರ ಅಂಜುವ ಗೃಹಸ್ಥಧರ್ಮ ಇಲ್ಲಿ ಸಾಲದು. ‘ಪ್ರಯೋಜನ’ವೆಂದರೆ ಯಾರದು ಎಂಬ ವಾದ ಮಾತ್ರ ಗಣಿ, ರಸ್ತೆಗಳ ಮುಂದೆ ಹಾಗೇ ಉಳಿಯುತ್ತದೆ.