ಮಾಫಿ ಸಾಕ್ಷಿಯ ಮಾತು

ಓತಿಕ್ಯಾತಕ್ಕೆ ಬೇಲಿಗೂಟ ಸಾಕ್ಷಿ ಎಂಬುದು ನಮ್ಮ ಹಳ್ಳಿಗರ ಗಾದೆ. ಸಾಕ್ಷಿ ಹೇಳುವವನಿಗೆ ತನ್ನದೇ ಗರಜು ಇದ್ದರೆ ಆ ಸಾಕ್ಷ್ಯಕ್ಕೆ ಎಷ್ಟು ಬೆಲೆ? ನಮ್ಮ ಅಪರಾಧ ನ್ಯಾಯವೂ ಈ ಪ್ರಶ್ನೆಯನ್ನು ನೂರೈವತ್ತು ವರ್ಷಗಳಿಂದ ಕೇಳಿಕೊಳ್ಳುತ್ತ ಬಂದಿದೆ.

ಪೊಲೀಸರ ಮುಂದೆ ಮಾಡಿದ ತಪ್ಪೊಪ್ಪಿಗೆಯನ್ನು ಆಪಾದಿತನ ವಿರುದ್ಧ ರುಜುವಾತುಪಡಿಸಕೂಡದೆಂದು 1872ರ ಸಾಕ್ಷ್ಯ ಅಧಿನಿಯಮ ವಿಧಿಸಿತು. ಇದಕ್ಕೆ ಹಿನ್ನೆಲೆಯಿತ್ತು. ಬಳ್ಳಾರಿ, ಕನ್ನಡ ಜಿಲ್ಲೆಗಳನ್ನೂ ಒಳಗೊಂಡಿದ್ದ ಮದರಾಸು ಪ್ರಾಂತದಲ್ಲಿ ಕಂದಾಯಕ್ಕಾಗಿಯೂ ತಪ್ಪೊಪ್ಪಿಗೆಗಾಗಿಯೂ ಜನರನ್ನು ಹಿಂಸಿಸುತ್ತಿದ್ದುದು 1855ರ ವಿಚಾರಣಾ ವರದಿಯಿಂದ ಬೆಳಕಿಗೆ ಬಂದಿತ್ತು.

ಹೊಡೆತಕ್ಕೆ ಹೆದರಿ ಆಡಿದ ಮಾತನ್ನು ನಂಬಬಾರದೆಂಬುದನ್ನು ಯಾರಾದರೂ ಒಪ್ಪಿಯಾರು. ಆಸೆಗೆ ಆಡಿದ ಮಾತೊ? ಕೃತ್ಯದಲ್ಲಿ ಪಾಲುಗೊಂಡವನೊಬ್ಬನು ಕ್ಷಮೆ ಪಡೆದು ಮಾಫಿ ಸಾಕ್ಷಿಯಾಗುತ್ತಾನೆ. ಅವನ ಮಾತು ತನ್ನ ಕೊರಳಿನ ಕುಣಿಕೆಯನ್ನು ಬಿಚ್ಚಿ ಇನ್ನೊಬ್ಬನ ಕೊರಳಿಗೆ ತೊಡಿಸುತ್ತದೆ. ಅವನು ಬರಿಯ ಸುಳ್ಳುಗಾರನಾಗಿದ್ದರೆ ಪಾಟೀಸವಾಲಿನಲ್ಲಿ ಸಿಕ್ಕಿಬಿದ್ದಾನು. ಅವನಿಗೆ ನಿಜ ಗೊತ್ತಿರುವುದೇ ಅಪಾಯ. ಕತ್ತಿ ಕೊಂಡದ್ದೆಲ್ಲಿ, ಹೋದ ದಾರಿ ಯಾವುದು, ಎಲ್ಲವನ್ನೂ ಸರಿಯಾಗಿ ಹೇಳಿ, ತನ್ನ ತಮ್ಮನ ಹೆಸರಿರಬೇಕಾದ ಕಡೆ ಹಗೆಯವನ ಹೆಸರನ್ನಿಟ್ಟರೆ ಕಥೆಯಲ್ಲಿ ಬಿರುಕೇ ಕಾಣದು. ಆದುದರಿಂದಲೇ ನಮ್ಮ ನ್ಯಾಯಾಲಯಗಳು ಕಥೆಗೆ ಪುಷ್ಟಿಯಿದ್ದರೆ ಸಾಲದು, ಈ ಮನುಷ್ಯನನ್ನೇ ಆ ಕೃತ್ಯಕ್ಕೆ ಗಂಟುಹಾಕುವ ಬೇರೆ ಸಾಕ್ಷ್ಯ ಬೇಕೆನ್ನುತ್ತವೆ. ಸಹ ಆಪಾದಿತನ ತಪ್ಪೊಪ್ಪಿಗೆಗಂತೂ ಇನ್ನೂ ಕೆಳಗಿನ ಸ್ಥಾನ. ಉಳಿದ ಸಾಕ್ಷ್ಯವನ್ನು ಮೊದಲು ತೂಗಿ ನೋಡಿ, ಭರವಸೆಗೆ ಮಾತ್ರ ಅದನ್ನು ಬಳಸಬಹುದೆಂದು ಕಾಶ್ಮೀರ ಸಿಂಗ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 1952ರಲ್ಲಿ ಹೇಳಿತು.

ಗಾಂಧೀಜಿಯವರ ಹತ್ಯೆಯ ಮೊಕದ್ದಮೆಯಲ್ಲಿ ಈ ನಿಯಮದ ಅಗ್ನಿಪರೀಕ್ಷೆಯೇ ನಡೆಯಿತು. ಅಲ್ಲಿ ಮಾಫಿ ಸಾಕ್ಷಿಯಾದವನು ದಿಗಂಬರ ಬಡ್ಗೆ. ಅವನು ಸತ್ಯವಂತ ಸಾಕ್ಷಿಯೆಂದೇ ನ್ಯಾಯಾಧೀಶ ಆತ್ಮಚರಣರು ಕಂಡುಕೊಂಡರು. ಆದರೂ ಸಾವರ್ಕರರ ವಿಷಯದಲ್ಲಿ ಅವನ ಮಾತಿಗೆ ಸ್ವತಂತ್ರ ಪುಷ್ಟಿ ಇಲ್ಲವೆಂದು, 1949ರ ಫೆಬ್ರವರಿ 10ರಂದು ಸಾವರ್ಕರರನ್ನು ಬಿಡುಗಡೆ ಮಾಡಿದರು. 1969ರಲ್ಲಿ ವರದಿಯಿತ್ತ ಕಪೂರ್ ಆಯೋಗದ ಅಭಿಪ್ರಾಯ ಇದಕ್ಕೆ ಭಿನ್ನವಾಗಿತ್ತು. ಆ ವಾದ ಇಂದಿಗೂ ಮುಗಿದಿಲ್ಲ. ನಮಗಿಲ್ಲಿ ಮುಖ್ಯವಾದುದು ಇಷ್ಟು: ದೇಶವೇ ದುಃಖದಲ್ಲಿಯೂ ಕೋಪದಲ್ಲಿಯೂ ಕುದಿಯುತ್ತಿದ್ದಾಗ, ನ್ಯಾಯಾಧೀಶನೊಬ್ಬನು ಸಾಕ್ಷಿಯನ್ನು ನಂಬಿದನು, ಆ ನಂಬಿಕೆಯೊಂದರ ಮೇಲೆಯೇ ಶಿಕ್ಷಿಸಲು ಒಪ್ಪಲಿಲ್ಲ.

ಇಂಥ ಬಿಗುವಿನಿಂದ ಅಪರಾಧಿಗಳು ತಪ್ಪಿಸಿಕೊಳ್ಳುವುದಿಲ್ಲವೆ? ಕೆಲವರು ತಪ್ಪಿಸಿಕೊಳ್ಳುತ್ತಾರೆ, ಸಂದೇಹವಿಲ್ಲ. ಮುಚ್ಚಿದ ಕೋಣೆಯ ಸಂಚಿಗೆ ಸಂಚುಗಾರನಲ್ಲದೆ ಬೇರೆ ಸಾಕ್ಷಿ ಎಲ್ಲಿಂದ ಬರಬೇಕು? ಹಳೆಯ ಕಾನೂನು ಈ ತೊಡಕನ್ನು ಅರಿತೇ, ಪುಷ್ಟಿಯಿಲ್ಲದೆ ಶಿಕ್ಷಿಸಿದರೆ ಅದು ಕಾನೂನುಬಾಹಿರವಲ್ಲ ಎಂದು ಒಂದು ಕಡೆ ಹೇಳಿ, ಅಂಥ ಸಾಕ್ಷಿ ನಂಬಿಕೆಗೆ ಅನರ್ಹನೆಂದು ಭಾವಿಸಬಹುದೆಂದು ಇನ್ನೊಂದು ಕಡೆ ಎಚ್ಚರಿಸಿತ್ತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿ, ಪುಷ್ಟಿ ಪಡೆದ ಸಾಕ್ಷ್ಯ ಎಂಬ ಮಾತೇ ಸೇರಿದೆ.

ಆದರೆ ಕಾನೂನು ಕಟ್ಟುವುದು ನ್ಯಾಯಾಧೀಶರ ಕೈಯನ್ನು ಮಾತ್ರ. ಮಾಫಿ ಸಾಕ್ಷಿ ಎಲ್ಲವನ್ನೂ ಬಾಯಿಬಿಟ್ಟನೆಂಬ ಸುದ್ದಿ ಓದಿ, ಕಾಫಿ ಆರುವುದರೊಳಗೆ ತೀರ್ಪು ಕೊಟ್ಟುಬಿಡುವವರು ನಾವು. ಅವನ ಮಾತೊಂದನ್ನು ಬಿಟ್ಟರೆ ಇನ್ನೇನಿದೆ ಎಂದು ನಾವೂ ಒಮ್ಮೆ ಕೇಳಬೇಡವೆ?