ಬಿದ್ದವನ ಚಿತ್ರ ನೋಡುವಾಗ



2003ರ ಡಿಸೆಂಬರ್ 13ರಂದು ಇರಾಕಿನ ಪದಚ್ಯುತ ಅಧ್ಯಕ್ಷ ಸದ್ದಾಂ ಹುಸೇನ್ ತಿಕ್ರಿತ್ ಪಟ್ಟಣದ ಹತ್ತಿರ ಸೆರೆಸಿಕ್ಕಿದ. ನೆಲದೊಳಗಿನ ಸಣ್ಣ ಗುಂಡಿಯಲ್ಲಿ ಆತ ಅಡಗಿದ್ದ. ಮರುದಿನ ಜಗತ್ತಿನ ಟಿ.ವಿ.ಗಳೆಲ್ಲ ಒಂದೇ ದೃಶ್ಯ ತೋರಿಸಿದವು: ಕೆದರಿದ ಗಡ್ಡ, ಕೈಗವಸು ತೊಟ್ಟ ವೈದ್ಯ, ಬ್ಯಾಟರಿ ಬೆಳಕಿನಲ್ಲಿ ತೆರೆದ ಬಾಯಿ. ಆಗ ನಮ್ಮ ಯುವಬಳಗದ ಹೆಚ್ಚಿನವರು ಕೂಸುಗಳು, ಕೆಲವರು ಹುಟ್ಟಿಯೇ ಇರಲಿಲ್ಲ. ಆದರೂ ಆ ದೃಶ್ಯ ಇಂದಿಗೂ ಮೊಬೈಲಿನಲ್ಲಿ ಸಿಗುತ್ತದೆ.

ಆ ವಾರವೇ ವ್ಯಾಟಿಕನ್ನಿನ ಕಾರ್ಡಿನಲ್ ರೆನಾತೊ ಮಾರ್ತಿನೊ ಅವರು, ದನದ ಹಲ್ಲು ನೋಡಿದಂತೆ ಆ ಮನುಷ್ಯನ ಹಲ್ಲು ನೋಡಿದ್ದನ್ನು ಕಂಡು ಕನಿಕರವಾಯಿತೆಂದರು. ಆ ಚಿತ್ರಗಳನ್ನು ತೋರಿಸದೆ ಇರಬಹುದಿತ್ತೆಂದರು. ಜತ್ತ ಸೀಮೆಯವರಾದ ನಮಗೆ ಈ ಮಾತನ್ನು ಬಿಡಿಸಿ ಹೇಳಬೇಕಿಲ್ಲ. ಸಂತೆಯಲ್ಲಿ ಎತ್ತು ಕೊಳ್ಳುವಾಗ ಹಲ್ಲು ನೋಡುತ್ತೇವೆ. ದೇವರ ಪ್ರತಿರೂಪವಾದ ಮನುಷ್ಯನನ್ನು ಹಾಗೆ ನೋಡಬಹುದೆ?

ಹಾಗಾದರೆ ಆತನ ಪಾಪ? 1988ರಲ್ಲಿ ಹಲಬ್ಜಾ ಪಟ್ಟಣದ ಸಾವಿರಾರು ಕುರ್ದ್ ಜನರು ಆತನ ಸೈನ್ಯದ ವಿಷಾನಿಲಕ್ಕೆ ಸತ್ತರು. ಅವರ ಮನೆಯವರಿಗೆ ನ್ಯಾಯ ಸಲ್ಲಲೇಬೇಕಿತ್ತು. ಆದರೆ ನ್ಯಾಯ ಬೇರೆ, ಅಣಕ ಬೇರೆ. ಸೈನಿಕರು ಯೇಸುವಿಗೆ ನಿಲುವಂಗಿ ತೊಡಿಸಿ, ಮುಳ್ಳಿನ ಕಿರೀಟವಿಟ್ಟು ನಕ್ಕದ್ದನ್ನು ಸಂತ ಮತ್ತಾಯರ ಶುಭಸಂದೇಶದ 27ನೆಯ ಅಧ್ಯಾಯದಲ್ಲಿ ಓದುತ್ತೇವೆ. ಪ್ರಭು ನಿರಪರಾಧಿ, ಸದ್ದಾಂ ಹಾಗಲ್ಲ. ಆದರೂ ಕೈಕಟ್ಟಿಸಿಕೊಂಡವನ ಸುತ್ತ ನಿಂತು ನಗುವ ಗುಂಪು ಎಲ್ಲ ಕಾಲಕ್ಕೂ ಒಂದೇ. ಶತ್ರು ಬಿದ್ದಾಗ ಹಿಗ್ಗಬಾರದೆಂದು ಜ್ಞಾನೋಕ್ತಿಗಳ 24ನೆಯ ಅಧ್ಯಾಯವೂ ನಮ್ಮನ್ನು ಎಚ್ಚರಿಸುತ್ತದೆ.

2006ರ ಡಿಸೆಂಬರ್ 30ರಂದು ಆತನನ್ನು ಗಲ್ಲಿಗೇರಿಸಿದರು. ಅದನ್ನೂ ಯಾರೋ ಮೊಬೈಲಿನಲ್ಲಿ ಸೆರೆಹಿಡಿದು ಹಂಚಿದರು. ಅಷ್ಟಾದರೂ ಶಾಂತಿ ಬರಲಿಲ್ಲ. 2010ರ ಅಕ್ಟೋಬರ್ 31ರಂದು ಬಾಗ್ದಾದಿನ ದೇವಾಲಯವೊಂದರಲ್ಲಿ ಬಲಿಪೂಜೆಯ ಹೊತ್ತಿಗೆ ನುಗ್ಗಿದ ಉಗ್ರರ ದಾಳಿಯಲ್ಲಿ ಇಬ್ಬರು ಗುರುಗಳೂ ಸೇರಿ 50ಕ್ಕೂ ಹೆಚ್ಚು ಜನ ಸತ್ತರು. ಅಲ್ಲಿನ ಕ್ರೈಸ್ತರಲ್ಲಿ ಬಹುಪಾಲು ಜನ ದೇಶವನ್ನೇ ಬಿಟ್ಟರು. ಸದ್ದಾಂನ ಮುಖ ಎಲ್ಲರಿಗೂ ಗೊತ್ತು. ಇವರ ಒಂದಾದರೂ ಮುಖ ನಮಗೆ ನೆನಪಿದೆಯೆ?

ಇಂಥ ವಿಡಿಯೋಗಳು ಇನ್ನೂ ಬರುತ್ತವೆ, ಬೇರೆ ದೇಶದವು, ಬೇರೆ ನಾಯಕರವು. ಕನ್ನಡದ ಗ್ರೂಪಿಗೆ ಬರಲಿ, ಮರಾಠಿಯ ಗ್ರೂಪಿಗೆ ಬರಲಿ, ಮುಂದೆ ಕಳಿಸದೆ ನಮ್ಮಲ್ಲೇ ನಿಲ್ಲಿಸೋಣ. ಆ ದೇಶದ ಹೆಸರನ್ನು ಭಾನುವಾರದ ವಿಶ್ವಾಸಿಗಳ ಪ್ರಾರ್ಥನೆಗೆ ಸೇರಿಸೋಣ. ಸೆರೆಸಿಕ್ಕವನಿಗಾಗಿ, ಅವನಿಂದ ನೊಂದವರಿಗಾಗಿ ಬೇಡೋಣ. ಸುದ್ದಿ ನಿಂತ ಮೇಲೂ ಮನೆಯ ಜಪಸರದಲ್ಲಿ ಆ ಜನರನ್ನು ನೆನೆಯೋಣ.

ಶಾಂತಿಯ ಅರಸರಾದ ಪ್ರಭು ನಮ್ಮ ಕಣ್ಣುಗಳನ್ನು ಶುದ್ಧಗೊಳಿಸಲಿ. ಆಮೆನ್.